ಹಳಗನ್ನಡ ಕಾವ್ಯ ಮತ್ತು ಶಾಸನಗಳನ್ನು ಮೂಲದಲ್ಲೇ ಓದಲು ಯಾವ ನಿಘಂಟು ಇಟ್ಟುಕೊಳ್ಳಬೇಕು?

ಸಂಜೆಓದು

ಎಲ್ಲರಿಗೂ ನಮಸ್ಕಾರ. ಶಾಲೆಯ ಪಠ್ಯದಲ್ಲಿದ್ದ ನಾಲ್ಕಾರು ಪದ್ಯಗಳ ಆಚೆಗೆ ನಾನು ಹಳಗನ್ನಡ ಓದಿದವನಲ್ಲ. ಈಗ ಪಂಪನ ವಿಕ್ರಮಾರ್ಜುನ ವಿಜಯವನ್ನು, ಅಂದರೆ ಪಂಪಭಾರತವನ್ನು, ಮೂಲದಲ್ಲೇ ಓದಬೇಕೆಂದು ಹಟ ಹಿಡಿದು ಕುಳಿತಿದ್ದೇನೆ. ಶಾಸನಗಳ ಮೇಲೂ ಆಸೆಯಿದೆ. ಆದರೆ ಕೈಯಲ್ಲಿರುವ ನಿಘಂಟು ಹೆಜ್ಜೆಹೆಜ್ಜೆಗೂ ಕೈಕೊಡುತ್ತಿದೆ. ನಾಲ್ಕನೆಯ ಆಶ್ವಾಸದ (ಅಧ್ಯಾಯದ) ಬನವಾಸಿಯ ಪದ್ಯ ಎಲ್ಲರಿಗೂ ಗೊತ್ತಿರುವಂಥದ್ದು. ಅದರಲ್ಲಿ 'ಗೊಟ್ಟಿಯಲಂಪಿನಿಂಪುಗಳ್ಗಾಗರವಾದ' ಎಂದು ಬರುತ್ತದೆ. ಇದನ್ನು ಗ ಅಕ್ಷರದ ಕೆಳಗೆ ಎಷ್ಟು ಹುಡುಕಿದರೂ ಸಿಗಲಿಲ್ಲ. 'ಮರಿದುಂಬಿ' ಸಿಗಲಿಲ್ಲ, 'ತೀರ್ದಪುದೆ' ಸಿಗಲಿಲ್ಲ.

ಕಿಟ್ಟೆಲ್ ಅವರ ಕನ್ನಡ–ಇಂಗ್ಲಿಷ್ ನಿಘಂಟು ಕೊಳ್ಳಲೇ, ಸಾಹಿತ್ಯ ಪರಿಷತ್ತಿನ ದೊಡ್ಡ ನಿಘಂಟನ್ನು ಹುಡುಕಿ ತರಿಸಲೇ, ಅಥವಾ ಮೊಬೈಲಿನಲ್ಲಿ ಸಿಗುವುದೇ ಸಾಕೇ? ತಿಳಿದವರು ದಯವಿಟ್ಟು ದಾರಿ ತೋರಿಸಿ.

ಮಾಮರ

ಕಣ್ಣು ಮುಚ್ಚಿಕೊಂಡು ಕಿಟ್ಟೆಲ್ ಕೊಳ್ಳಿ. 1894ರಲ್ಲಿ ಮಂಗಳೂರಿನ ಬಾಸೆಲ್ ಮಿಷನ್ ಮುದ್ರಣಾಲಯದಲ್ಲಿ ಅಚ್ಚಾದ ಪುಸ್ತಕ. ಸುಮಾರು 70,000 ಪದಗಳಿವೆ. ಅದರಲ್ಲಿ ಸಿಗದ ಪದದ ಗೋಜಿಗೆ ಸದ್ಯಕ್ಕೆ ಹೋಗಬೇಡಿ.

ತಾಳೆಗರಿ

ಸಂಜೆಓದು ಅವರೇ, ಕೊಳ್ಳುವ ಮಾತನ್ನು ಸ್ವಲ್ಪ ತಡೆಯಿರಿ. ನೀವು ಹೆಸರಿಸಿದಂಥ ಪದಗಳು ನಿಘಂಟಿನಲ್ಲಿ ಆ ರೂಪದಲ್ಲೇ ಸಿಗುತ್ತವೆ ಎಂಬ ಭರವಸೆ ಇಲ್ಲ. ಪರಿಷತ್ತಿನ ಎಂಟು ಸಂಪುಟ ತಂದು ಮನೆಯಲ್ಲಿಟ್ಟರೂ ಅಷ್ಟೇ. ಹಳಗನ್ನಡದಲ್ಲಿ ಪದ ಬಿಡಿಸಿಕೊಳ್ಳುವುದು ಮೊದಲ ಕೆಲಸ, ನಿಘಂಟು ತೆರೆಯುವುದು ಅದರ ನಂತರದ್ದು.

ಆ ಪದ್ಯವನ್ನೇ ತೆಗೆದುಕೊಳ್ಳೋಣ:

ಚಾಗದ ಭೋಗದಕ್ಕರದ ಗೇಯದ ಗೊಟ್ಟಿಯಲಂಪಿನಿಂಪುಗಳ್‍
ಗಾಗರವಾದ ಮಾನಸರೆ ಮಾನಸರ್

ಬಿಡಿಸಿದರೆ ಹೀಗಾಗುತ್ತದೆ: ಚಾಗದ, ಭೋಗದ, ಅಕ್ಕರದ, ಗೇಯದ, ಗೊಟ್ಟಿಯ, ಅಲಂಪಿನ, ಇಂಪುಗಳ್ಗೆ, ಆಗರವಾದ. ಪಂಪನ ಕಾಲದ ಬರವಣಿಗೆಯಲ್ಲಿ ಪದ ಮುಗಿಯುವ ಸ್ವರ ಮುಂದಿನ ಪದದ ಸ್ವರಕ್ಕೆ ಅಂಟಿಕೊಳ್ಳುತ್ತದೆ. ಸಂಪಾದಕರು ಛಂದಸ್ಸು ಕೆಡದಿರಲಿ ಎಂದು ಅದನ್ನು ಹಾಗೆಯೇ ಅಚ್ಚು ಹಾಕಿಸುತ್ತಾರೆ. ಬಿಡಿಸಿದ ಮೇಲೆ ಎರಡನೆಯ ಪ್ರಶ್ನೆ ಏಳುತ್ತದೆ: ಇದು ದೇಶ್ಯವೇ, ತದ್ಭವವೇ? ಚಾಗ ಎಂದರೆ ತ್ಯಾಗ, ಅಕ್ಕರ ಎಂದರೆ ಅಕ್ಷರ, ಗೊಟ್ಟಿ ಎಂದರೆ ಗೋಷ್ಠಿ, ಆಗರ ಎಂದರೆ ಆಕರ. ನಾಲ್ಕೂ ಸಂಸ್ಕೃತದಿಂದ ಬಂದು ಕನ್ನಡದ ಬಾಯಲ್ಲಿ ಮೆತ್ತಗಾದ ಪದಗಳು. ಅಲಂಪು ಮಾತ್ರ ಅಚ್ಚಗನ್ನಡದ್ದು, ಸಂತೋಷ ಎಂದರ್ಥ. ಇಂಪು ಇಂದಿಗೂ ನಮ್ಮ ಬಾಯಲ್ಲೇ ಇದೆ.

'ಮರಿದುಂಬಿ'ಯಲ್ಲಿರುವುದು ಮರಿ ಮತ್ತು ತುಂಬಿ. ಸಮಾಸವಾದಾಗ ಎರಡನೆಯ ಪದದ ಮೊದಲ ಕ, ತ, ಪ ಅಕ್ಷರಗಳು ಗ, ದ, ಬ ಆಗುತ್ತವೆ. ಬೆಟ್ಟದಾವರೆ, ಮಳೆಗಾಲ, ಕಂಬನಿ ಎಂದು ನಾವು ಶಾಲೆಯಲ್ಲಿ ಕಲಿತ ಆದೇಶಸಂಧಿ ಇದೇ. ಹಾಗಾಗಿ ನೋಡಬೇಕಾದದ್ದು 'ದುಂಬಿ'ಯ ಜೊತೆಗೆ 'ತುಂಬಿ'ಯನ್ನೂ. 'ತೀರ್ದಪುದೆ'ಯಲ್ಲಿ ತೀರ್ ಎಂಬುದು ಧಾತು, 'ದಪ' ಎಂಬುದು ಕಾಲವನ್ನು ಸೂಚಿಸುವ ಪ್ರತ್ಯಯ, ಕೊನೆಯ ಎ ಪ್ರಶ್ನೆ. ಸಾಧ್ಯವಾದೀತೇ ಎಂದು ಕವಿ ಕೇಳುತ್ತಿದ್ದಾನೆ. ನಿಘಂಟಿನಲ್ಲಿ 'ತೀರ್' ನೋಡಿದರೆ ಸಾಕು.

ಇಷ್ಟು ಮಾಡಿದ ಮೇಲೆ ಸಾಧಾರಣ ನಿಘಂಟಿನಲ್ಲೂ ಮುಕ್ಕಾಲು ಪದಗಳು ಸಿಗುತ್ತವೆ. ಇದನ್ನು ಮಾಡದಿದ್ದರೆ ಅತ್ಯುತ್ತಮ ನಿಘಂಟೂ ಮೌನವಾಗಿಬಿಡುತ್ತದೆ. ಕೇಶಿರಾಜನ ಹಳಗನ್ನಡ ವ್ಯಾಕರಣವಾದ ಶಬ್ದಮಣಿದರ್ಪಣದ ಸಂಧಿ ಪ್ರಕರಣ ಮತ್ತು ಅಪಭ್ರಂಶ ಪ್ರಕರಣ, ಇವೆರಡನ್ನಾದರೂ ಓದಿಕೊಂಡು ಕಾವ್ಯಕ್ಕೆ ಕೈಹಾಕಿ. ಕೇಶಿರಾಜ ತದ್ಭವಗಳು ಹೇಗೆ ಆಗುತ್ತವೆ ಎಂಬುದನ್ನು ಅಪಭ್ರಂಶ ಪ್ರಕರಣದಲ್ಲಿ ಉದಾಹರಣೆ ಸಮೇತ ಕೊಡುತ್ತಾನೆ. ಅದನ್ನು ಒಂದು ಸಲ ಓದಿದರೆ ಚಾಗ, ಗೊಟ್ಟಿಗಳು ಕಂಡ ಕೂಡಲೇ ಹಿಂದಿರುವ ಸಂಸ್ಕೃತ ರೂಪ ತಾನಾಗಿ ಹೊಳೆಯತೊಡಗುತ್ತದೆ.

ಸಂಜೆಓದು

ತಾಳೆಗರಿಯವರೇ, ನೀವು ಬಿಡಿಸಿಟ್ಟ ಮೇಲೆ ಆ ಪದ್ಯವನ್ನು ಗಟ್ಟಿಯಾಗಿ ಓದಿದೆ. ಇಷ್ಟು ದಿನ ಬಾಯಿಪಾಠವಾಗಿದ್ದ ಸಾಲುಗಳು ಇವತ್ತು ಅರ್ಥವಾದವು. ತುಂಬಾ ಧನ್ಯವಾದಗಳು.

ಇನ್ನೊಂದು ಕೇಳಬೇಕಿತ್ತು. ಹಳೆಯ ಆವೃತ್ತಿಗಳಲ್ಲಿ ೞ ಮತ್ತು ಱ ಎಂಬ ಅಕ್ಷರಗಳು ಬರುತ್ತವೆ. ಅವುಗಳನ್ನು ಳ ಮತ್ತು ರ ಎಂದೇ ಓದಿಕೊಂಡು ಮುಂದೆ ಹೋದರೆ ನಷ್ಟವಿದೆಯೇ?

ಇಬ್ಬನಿ

ನಷ್ಟ ಖಂಡಿತ ಇದೆ. ಬಾಳ್ ಎಂದರೆ ಕತ್ತಿ, ಬಾೞ್ ಎಂದರೆ ಜೀವಿಸು. ಅಳಿ ಎಂದರೆ ದುಂಬಿ, ಅೞಿ ಎಂದರೆ ನಾಶವಾಗು. ಅರಿ ಎಂದರೆ ಕತ್ತರಿಸು, ಅಱಿ ಎಂದರೆ ತಿಳಿ. ಈಗಿನ ಬರಹದಲ್ಲಿ ಇವೆಲ್ಲ ಒಂದೇ ಆಗಿಹೋಗಿವೆ, ಹಳೆಯ ನಿಘಂಟುಗಳಲ್ಲಿ ಬೇರೆ ಬೇರೆ ಉಲ್ಲೇಖಗಳಾಗಿ ನಿಂತಿವೆ. ಕವಿ ಶ್ಲೇಷೆ ಮಾಡಿದ್ದಾನೋ ಇಲ್ಲವೋ ಎಂದು ತೀರ್ಮಾನಿಸುವುದೇ ಕೆಲವೊಮ್ಮೆ ಈ ಒಂದು ಅಕ್ಷರದ ಮೇಲೆ ನಿಂತಿರುತ್ತದೆ.

ೞ ಅಕ್ಷರ ಹನ್ನೆರಡನೆಯ ಶತಮಾನದ ಹೊತ್ತಿಗೆ ಬಳಕೆಯಿಂದ ಜಾರುತ್ತಿತ್ತು. ಕ್ರಿ.ಶ. 1260ರ ಸುಮಾರಿನಲ್ಲಿದ್ದ ಕೇಶಿರಾಜ ಈ ಅಕ್ಷರ ಯಾವ ಯಾವ ಪದಗಳಲ್ಲಿ ಬರುತ್ತದೆ ಎಂದು ಪಟ್ಟಿ ಮಾಡಿ ಕೊಡಬೇಕಾಗಿ ಬಂತು. ಉಚ್ಚಾರಣೆಯಲ್ಲಿ ಭೇದ ಮಾಯವಾದಾಗ ವ್ಯಾಕರಣಕಾರ ಪಟ್ಟಿ ಹಿಡಿದು ನಿಲ್ಲುತ್ತಾನೆ. ನನ್ನ ಮಟ್ಟಿಗೆ ಕನ್ನಡದ ಪದಪಟ್ಟಿಗಳಲ್ಲಿ ಅತ್ಯಂತ ಪ್ರೀತಿಯದು ಅದು.

ಹುಡುಕಾಟಕ್ಕೆ ಸಂಬಂಧಿಸಿದ ಇನ್ನೊಂದು ವಿಷಯ. ಈ ಎರಡೂ ಅಕ್ಷರಗಳು ಯೂನಿಕೋಡಿನಲ್ಲಿ ಇವೆ. ಆದರೆ ೞ ಅಕ್ಷರಕ್ಕೆ ಯೂನಿಕೋಡ್ ಪಟ್ಟಿಯಲ್ಲಿ ಮೊದಲು ಕೊಟ್ಟ ಹೆಸರು 'ಫಾ' ಎಂದಿತ್ತು. ಅದು ತಪ್ಪೆಂದು ತಿಳಿದು ಸರಿಯಾದ ಹೆಸರನ್ನು ಪಕ್ಕದಲ್ಲಿ ಸೇರಿಸಿದರೂ ಒಮ್ಮೆ ಇಟ್ಟ ಹೆಸರನ್ನು ಬದಲಿಸುವುದಿಲ್ಲ ಎಂಬ ನಿಯಮದಿಂದ ಹಳೆಯದು ಹಾಗೆಯೇ ಉಳಿದಿದೆ. ಎಲ್ಲ ಕೀಲಿಮಣೆಗಳಲ್ಲೂ ಈ ಅಕ್ಷರಗಳು ಸುಲಭವಾಗಿ ಸಿಗುವುದಿಲ್ಲ. ಗಣಕಕ್ಕೆ ಇಳಿಸಿದ ಎಷ್ಟೋ ಪಠ್ಯಗಳಲ್ಲಿ ೞ ಇರಬೇಕಾದ ಕಡೆ ಳ ಎಂದೇ ಇರುತ್ತದೆ. ಆದ್ದರಿಂದ ಹುಡುಕುವಾಗ ಎರಡೂ ರೂಪ ಕೊಟ್ಟು ನೋಡುವುದು ರೂಢಿಯಾಗಲಿ.

ತಾಳೆಗರಿ

ಇಬ್ಬನಿಯವರ ಮಾತಿಗೆ ಒಂದು ಸೇರ್ಪಡೆ. ೞ ಅಕ್ಷರದ ಮುಂದೆ ಇನ್ನೊಂದು ವ್ಯಂಜನ ಬಂದರೆ ಅದು ಕಾಲಕ್ರಮದಲ್ಲಿ ರ್ ಆಗಿ, ಆಮೇಲೆ ಮುಂದಿನ ವ್ಯಂಜನದಲ್ಲಿ ಕರಗಿ ಹೋಗುತ್ತದೆ. ಏೞ್ ಧಾತುವಿನ ಎೞ್ದು, ಎರ್ದು, ಎದ್ದು; ಬೀೞ್ ಧಾತುವಿನ ಬಿೞ್ದು, ಬಿರ್ದು, ಬಿದ್ದು. ಇದು ತಿಳಿದಿದ್ದರೆ 'ಎರ್ದು' ಎಂದು ಕಂಡಾಗ ಎಲ್ಲಿ ನೋಡಬೇಕು ಎಂಬ ಗೊಂದಲ ಇರುವುದಿಲ್ಲ. ಪದದ ಮೊದಲ ಪಕಾರ ಹಕಾರವಾದದ್ದು ಎಲ್ಲರಿಗೂ ಗೊತ್ತೇ ಇದೆ.

ಇನ್ನು ಮಾಮರ ಅವರ ಸಲಹೆ. ಕಿಟ್ಟೆಲ್ ಅವರ ಬಗ್ಗೆ ನನಗೆ ಭಕ್ತಿಯೇ ಇದೆ. ಆದರೂ ಪಂಪನನ್ನು ಓದುವವರಿಗೆ ಕಿಟ್ಟೆಲ್ ಒಂದೇ ಸಾಕು ಎನ್ನುವುದನ್ನು ಒಪ್ಪಲಾರೆ. ಯಾವ ನಿಘಂಟೇ ಆಗಲಿ, ಅದನ್ನು ಕಟ್ಟಿದವರು ಯಾವ ಪುಸ್ತಕಗಳನ್ನು ಓದಿದ್ದರೋ ಆ ಪುಸ್ತಕಗಳ ಪದಗಳನ್ನು ಮಾತ್ರ ಬಲ್ಲುದು. ನಿಘಂಟು ಎಷ್ಟು ದೊಡ್ಡದು ಎಂದು ಕೇಳುವುದಕ್ಕಿಂತ ಯಾವ ಕೃತಿಗಳನ್ನು ಸೋಸಿ ಮಾಡಿದ್ದು ಎಂದು ಕೇಳಬೇಕು.

ಕಿಟ್ಟೆಲ್ ನಿಘಂಟು ಬಂದದ್ದು 1894ರಲ್ಲಿ. ಪಂಪಭಾರತವನ್ನು ಬಿ.ಎಲ್. ರೈಸ್ ಅಚ್ಚು ಹಾಕಿಸಿದ್ದು 1898ರಲ್ಲಿ. ಕವಿರಾಜಮಾರ್ಗವನ್ನು ಕೆ.ಬಿ. ಪಾಠಕ್ ಸಂಪಾದಿಸಿ ಹೊರತಂದದ್ದೂ ಅದೇ ವರ್ಷ. ಡಿ.ಎಲ್. ನರಸಿಂಹಾಚಾರ್ಯರ ವಡ್ಡಾರಾಧನೆ 1949ರದ್ದು. ಹಲ್ಮಿಡಿ ಶಾಸನ ಬೆಳಕಿಗೆ ಬಂದದ್ದೇ 1936ರಲ್ಲಿ. ಇಂದು ನಾವು ಹಳಗನ್ನಡ ಎಂದ ಕೂಡಲೇ ನೆನೆಯುವ ಈ ನಾಲ್ಕರ ಒಂದು ಅಚ್ಚಿನ ಪ್ರತಿಯೂ ಕಿಟ್ಟೆಲ್ ಅವರ ಮೇಜಿನ ಮೇಲೆ ಇರಲಿಲ್ಲ. ಅವರು ದುಡಿದದ್ದು ಶಬ್ದಮಣಿದರ್ಪಣ, ಛಂದೋಂಬುಧಿಯಂಥ ಶಾಸ್ತ್ರಗ್ರಂಥಗಳು, ಆಗ ಸಿಗುತ್ತಿದ್ದ ಕಾವ್ಯಗಳು, ಜನರ ಮಾತು, ಗಾದೆಗಳು ಇವುಗಳ ಆಧಾರದಿಂದ. ಅಷ್ಟರಿಂದಲೇ ಅಷ್ಟು ದೊಡ್ಡ ಕೆಲಸ ಮಾಡಿದರು ಎಂಬುದು ಅವರ ಹಿರಿಮೆ. ಆದರೆ ಅವರ ನಿಘಂಟಿನಲ್ಲಿ ಒಂದು ಪದ ಇಲ್ಲ ಎಂದರೆ ಆ ಪದ ಕನ್ನಡದಲ್ಲಿ ಇರಲಿಲ್ಲ ಎಂದಾಗುವುದಿಲ್ಲ.

ಮಾಮರ

ತಾಳೆಗರಿಯವರೇ, ವರ್ಷಗಳನ್ನು ಪಕ್ಕಪಕ್ಕದಲ್ಲಿ ಇಟ್ಟು ತೋರಿಸಿದ್ದು ಒಳ್ಳೆಯದಾಯಿತು. ಆದರೂ ನನ್ನ ಪಟ್ಟು ಸಡಿಲಿಸುವುದಿಲ್ಲ.

ಮೊದಲನೆಯದಾಗಿ, ಮದರಾಸು ವಿಶ್ವವಿದ್ಯಾಲಯಕ್ಕಾಗಿ ಎಂ. ಮರಿಯಪ್ಪ ಭಟ್ಟರು ಕಿಟ್ಟೆಲ್ ನಿಘಂಟನ್ನು ಪರಿಷ್ಕರಿಸಿ, ವಿಸ್ತರಿಸಿ, ನಾಲ್ಕು ಸಂಪುಟಗಳಲ್ಲಿ ಹೊರತಂದಿದ್ದಾರೆ. 1968ರಿಂದ 1971ರವರೆಗೆ ಬಂದವು. ನೀವು ಹೇಳಿದ ಕೊರತೆಯ ಒಂದು ಪಾಲನ್ನು ಅದು ತುಂಬಿಕೊಡುತ್ತದೆ. ನಾನು ಹೇಳುವುದು ಅದನ್ನೇ ಕೊಳ್ಳಿ ಎಂದು.

ಎರಡನೆಯದಾಗಿ, ಕಿಟ್ಟೆಲ್ ಒಂದು ಪದದ ಪಕ್ಕದಲ್ಲಿ ತಮಿಳು, ತೆಲುಗು, ಮಲಯಾಳ, ತುಳು ರೂಪಗಳನ್ನು ಕೊಡುತ್ತಾರೆ. 1853ರಲ್ಲಿ ಇಲ್ಲಿಗೆ ಬಂದು ಭಾಷೆ ಕಲಿತ ವ್ಯಕ್ತಿ ಈ ದ್ರಾವಿಡ ನಂಟನ್ನು ಪದಪದಕ್ಕೂ ಗುರುತಿಸುತ್ತಾ ಹೋದದ್ದು ಸಣ್ಣ ಮಾತಲ್ಲ. ಬರೋ ಮತ್ತು ಎಮೆನೋ ಅವರ ದ್ರಾವಿಡ ವ್ಯುತ್ಪತ್ತಿ ನಿಘಂಟು ಬಂದದ್ದು 1961ರಲ್ಲಿ, ಅದರ ಎರಡನೆಯ ಆವೃತ್ತಿ 1984ರಲ್ಲಿ. ಅದರ ಕನ್ನಡದ ಸಾಲುಗಳಲ್ಲಿ ಕಿಟ್ಟೆಲ್ ಹೆಸರು ಮತ್ತೆ ಮತ್ತೆ ಎದುರಾಗುತ್ತದೆ.

ಮೂರನೆಯದಾಗಿ, ಗಾದೆಗಳು. ಒಂದು ಪದದ ಅರ್ಥ ತಿಳಿಸುವುದಕ್ಕೆ ಜನ ಅದನ್ನು ಹೇಗೆ ಬಳಸುತ್ತಿದ್ದರು ಎಂದು ಗಾದೆ ಕೊಟ್ಟು ತೋರಿಸುವ ಪದ್ಧತಿ ಅವರದು. ನನಗಂತೂ ಅದು ನಿಘಂಟು ಎನ್ನುವುದಕ್ಕಿಂತ ಓದುವ ಪುಸ್ತಕ. ಎಷ್ಟೋ ಸಂಜೆ ಒಂದು ಪದ ನೋಡಲು ತೆರೆದು ಮೂರು ಪುಟ ಓದಿ ಮುಚ್ಚಿದ್ದೇನೆ.

ನೀಲಾಂಜನ

ಪರಿಷತ್ತಿನ ಕನ್ನಡ ನಿಘಂಟಿನ ಬಗ್ಗೆ ಯಾರೂ ಇನ್ನೂ ಬಿಡಿಸಿ ಹೇಳಲಿಲ್ಲ. ಎಂಟು ಸಂಪುಟಗಳು, ಮೊದಲನೆಯದು 1970ರಲ್ಲಿ, ಕೊನೆಯದು 1995ರಲ್ಲಿ. ಹಲವು ತಲೆಮಾರಿನ ವಿದ್ವಾಂಸರ ದುಡಿಮೆ ಅದು. ಕನ್ನಡ ಪದಕ್ಕೆ ಕನ್ನಡದಲ್ಲೇ ಅರ್ಥ, ಜೊತೆಗೆ ಶಾಸನ ಮತ್ತು ಕಾವ್ಯಗಳಿಂದ ಪ್ರಯೋಗ, ಪ್ರಯೋಗದ ಪಕ್ಕದಲ್ಲಿ ಕಾಲ. ಈ ಕಾಲಸೂಚನೆ ಇರುವುದರಿಂದ ಒಂದು ಪದ ಮೂರು ನಾಲ್ಕು ಶತಮಾನಗಳಲ್ಲಿ ಅರ್ಥ ಬದಲಿಸಿಕೊಂಡು ಬಂದದ್ದನ್ನು ಒಂದೇ ಪುಟದಲ್ಲಿ ನೋಡಬಹುದು. ಕಿಟ್ಟೆಲ್ ಅರ್ಥ ಕೊಡುವುದು ಇಂಗ್ಲಿಷಿನಲ್ಲಿ. ಪಂಪನ ಪದಕ್ಕೆ ಇಂಗ್ಲಿಷಿನ ಮೂಲಕ ಹೋಗಿ ಮತ್ತೆ ಕನ್ನಡಕ್ಕೆ ಮರಳುವ ಸುತ್ತುದಾರಿ ನನಗೆ ಇಷ್ಟವಿಲ್ಲ.

ಒಂದು ಎಚ್ಚರಿಕೆ ಮಾತ್ರ ಬೇಕು. ಅಲ್ಲಿ ಕೊಟ್ಟಿರುವ ಅತ್ಯಂತ ಹಳೆಯ ಪ್ರಯೋಗವೇ ಆ ಪದದ ಹುಟ್ಟಿದ ದಿನವೆಂದು ತಿಳಿಯಬೇಡಿ. ಸಂಪುಟ ಅಚ್ಚಾದ ಮೇಲೆ ಸಿಕ್ಕ ಶಾಸನಗಳು ಅದರಲ್ಲಿ ಇರುವುದು ಸಾಧ್ಯವಿಲ್ಲ.

ತಾಳೆಗರಿ

ನೀಲಾಂಜನ ಅವರು ಹೇಳಿದ್ದು ನೂರಕ್ಕೆ ನೂರು ಸರಿ. ಇದನ್ನು ಮನೆಗೆ ತರಲು ಎಲ್ಲರಿಗೂ ಆಗುವುದಿಲ್ಲ, ಗ್ರಂಥಾಲಯದಲ್ಲಿ ಕುಳಿತು ನೋಡಬೇಕು. ಒಂದು ಊರಿನ ಗ್ರಂಥಾಲಯದಲ್ಲಿ ಎಂಟೂ ಸಂಪುಟಗಳನ್ನು ಗಾಜಿನ ಬೀರುವಿನಲ್ಲಿಟ್ಟು ಬೀಗ ಹಾಕಿದ್ದರು. ಕೀಲಿ ಯಾರ ಬಳಿ ಇದೆ ಎಂಬುದು ಅಲ್ಲಿದ್ದ ಯಾರಿಗೂ ತಿಳಿದಿರಲಿಲ್ಲ. ಅದನ್ನು ನೋಡಿ ಹೊಟ್ಟೆ ಉರಿಯಿತು. ನಿಘಂಟು ಇರುವುದು ಪುಟಗಳ ಅಂಚು ಸವೆಯುವಷ್ಟು ತಿರುವಿಹಾಕುವುದಕ್ಕೆ.

ಕಲ್ಬರಹ

ಶಾಸನಗಳ ಬಗ್ಗೆ ಕೇಳಿದ್ದರಿಂದ ಎರಡು ಮಾತು ಬರೆಯುತ್ತೇನೆ.

ಹಲ್ಮಿಡಿ ಶಾಸನದಿಂದಲೇ ಆರಂಭಿಸಬಹುದು. ಹಾಸನ ಜಿಲ್ಲೆಯ ಬೇಲೂರು ತಾಲ್ಲೂಕಿನ ಹಲ್ಮಿಡಿಯಲ್ಲಿ ಸಿಕ್ಕಿದ್ದು, ಕಾಲ ಸುಮಾರು ಕ್ರಿ.ಶ. 450. ಅದರಲ್ಲಿ 'ಬಾಳ್ಗೞ್ಚು' ಎಂಬ ಮಾತು ಬರುತ್ತದೆ. ಮೇಲೆ ಹೇಳಿದ ಎಲ್ಲ ನಿಯಮಗಳನ್ನೂ ಇದರ ಮೇಲೆ ಪ್ರಯೋಗಿಸಿ ನೋಡಿ. ಬಾಳ್ ಎಂದರೆ ಕತ್ತಿ, ಇಲ್ಲಿ ಳ ಇದೆ. ಎರಡನೆಯ ಭಾಗ ಕೞ್ಚು, ತೊಳೆ ಎಂದರ್ಥ, ಇಲ್ಲಿ ೞ ಇದೆ. ಸಮಾಸವಾದಾಗ ಕಕಾರ ಗಕಾರವಾಯಿತು. ಕೞ್ಚು ಮುಂದೆ ಕರ್ಚು, ಕಚ್ಚು ಎಂದಾಯಿತು. ಯುದ್ಧದಲ್ಲಿ ಗೆದ್ದು ಬಂದ ವೀರನ ಕತ್ತಿಯನ್ನು ತೊಳೆದು ಗೌರವಿಸಿ ಕೊಡುವ ದತ್ತಿ ಅದು. ವಿಜ ಅರಸನಿಗೆ ಹೀಗೆ ಕೊಟ್ಟ ಹಳ್ಳಿಗಳು ಎರಡು: ಪಲ್ಮಿಡಿ ಮತ್ತು ಮೂೞಿವಳ್ಳಿ. ಪಲ್ಮಿಡಿಯೇ ಇಂದಿನ ಹಲ್ಮಿಡಿ, ಪಕಾರ ಹಕಾರವಾಗಿದೆ. ಮೂೞಿವಳ್ಳಿಯಲ್ಲಿ ಪಳ್ಳಿಯ ಪಕಾರ ವಕಾರವಾಗಿದೆ. ಒಂದೇ ವಾಕ್ಯದಲ್ಲಿ ಇಷ್ಟೆಲ್ಲ ಇದೆ. ಆ ಶಾಸನದ ಕೆಲವು ಸಾಲುಗಳ ಪಾಠ ಮತ್ತು ಅರ್ಥದ ಬಗ್ಗೆ ವಿದ್ವಾಂಸರಲ್ಲಿ ಇಂದಿಗೂ ಚರ್ಚೆ ಇದೆ, ಆದರೆ ಈ ಭಾಗ ಕಲಿಯುವವರಿಗೆ ಚಿನ್ನದಂಥದ್ದು.

ಶಾಸನಗಳಲ್ಲಿ ನಮ್ಮನ್ನು ದಾರಿ ತಪ್ಪಿಸುವುದು ಗೊತ್ತಿಲ್ಲದ ಪದವಲ್ಲ, ಗೊತ್ತಿರುವ ಪದ. ಗೊತ್ತಿಲ್ಲದಿದ್ದರೆ ನಿಘಂಟು ನೋಡುತ್ತೇವೆ. 'ಬಿಟ್ಟಿ' ಎಂದು ಕಂಡರೆ ಪುಕ್ಕಟೆ ಎಂದುಕೊಂಡು ಮುಂದೆ ಹೋಗಿಬಿಡುತ್ತೇವೆ. ಶಾಸನದ ಬಿಟ್ಟಿ ವಿಷ್ಟಿ ಎಂಬುದರ ತದ್ಭವ, ಕೂಲಿಯಿಲ್ಲದೆ ಬಲವಂತವಾಗಿ ಮಾಡಿಸಿಕೊಳ್ಳುವ ದುಡಿಮೆ. ಒಂದು ಊರಿಗೆ ಬಿಟ್ಟಿಯಿಂದ ವಿನಾಯಿತಿ ಕೊಟ್ಟರು ಎಂದರೆ ಅಲ್ಲಿನ ಜನರ ಬೆನ್ನಿನ ಮೇಲಿನ ಭಾರ ಇಳಿಯಿತು ಎಂದರ್ಥ. 'ಪೆರ್ಗಡೆ' ಎಂಬುದು ಹೆಗ್ಗಡೆಯಾಗಿ ಇಂದು ಮನೆತನದ ಹೆಸರಾಗಿದೆ, ಶಾಸನದಲ್ಲಿ ಅದು ಅಧಿಕಾರಿಯ ಹುದ್ದೆ. 'ಮತ್ತರು' ಎಂದರೆ ಎಷ್ಟು ಎಕರೆ ಎಂದು ಒಂದೇ ಸಂಖ್ಯೆ ಕೊಡಲಾಗುವುದಿಲ್ಲ. ಯಾವ ಕೋಲಿನಿಂದ ಅಳೆದ ಮತ್ತರು ಎಂದು ಶಾಸನಗಳೇ ಎಷ್ಟೋ ಕಡೆ ಹೇಳುತ್ತವೆ, ಕೋಲು ಊರಿಂದೂರಿಗೆ ಬೇರೆ.

ಆಧಾರಗಳ ವಿಷಯಕ್ಕೆ ಬಂದರೆ, ರೈಸ್ ಅವರ ಎಪಿಗ್ರಾಫಿಯಾ ಕರ್ನಾಟಿಕಾ ಎಂಬ ಶಾಸನಸಂಗ್ರಹ 1886ರಲ್ಲಿ ಕೊಡಗಿನ ಶಾಸನಗಳಿಂದ ಆರಂಭವಾಗಿ ಹನ್ನೆರಡು ಸಂಪುಟಗಳಾಗಿ ಬೆಳೆಯಿತು. ಮೈಸೂರು ವಿಶ್ವವಿದ್ಯಾಲಯದ ಕನ್ನಡ ಅಧ್ಯಯನ ಸಂಸ್ಥೆ 1972ರಿಂದ ಅದರ ಪರಿಷ್ಕೃತ ಸಂಪುಟಗಳನ್ನು ತರತೊಡಗಿತು. ಸಿಗುವುದಾದರೆ ಪರಿಷ್ಕೃತ ಪಾಠವನ್ನೇ ಓದಿ. ಪಾರಿಭಾಷಿಕ ಪದಗಳಿಗೆ ಡಿ.ಸಿ. ಸರ್ಕಾರ್ ಅವರು 1966ರಲ್ಲಿ ಹೊರತಂದ ಭಾರತೀಯ ಶಾಸನ ಪದಕೋಶವಿದೆ. ಇಂಗ್ಲಿಷಿನಲ್ಲಿದ್ದರೂ ಸಿದ್ಧಾಯ (ನಿಗದಿತ ಕಂದಾಯ), ಗದ್ಯಾಣ (ಚಿನ್ನದ ನಾಣ್ಯ) ಇಂಥ ಪದಗಳನ್ನು ಇತರ ಪ್ರಾಂತಗಳ ಬಳಕೆಯ ಜೊತೆಗಿಟ್ಟು ನೋಡಲು ತುಂಬಾ ಉಪಯುಕ್ತ.

ಬಳಪ

ಶಾಸನಗಳಿಗಿಂತ ಈಚಿನ ಕಾಗದಪತ್ರ ಓದುವವರ ಕಷ್ಟವೂ ಇಲ್ಲಿ ದಾಖಲಾಗಲಿ. ಊರೂರಿನ ವೃತ್ತಾಂತ ಬರೆದಿಟ್ಟ ಕೈಫಿಯತ್ತುಗಳು, ಹಳೆಯ ಜಮೀನು ಪತ್ರಗಳು, ಕಡತಗಳು. ಕಡತ ಎಂದರೆ ಇಂದಿನ ಕಚೇರಿಯ ಫೈಲು ಎಂದಷ್ಟೇ ತಿಳಿದವರಿಗೆ ಹೇಳುವುದಾದರೆ, ಬಟ್ಟೆಗೆ ಹುಣಸೆಬೀಜದ ಅಂಟು ಮತ್ತು ಇದ್ದಿಲಿನ ಪುಡಿ ಬಳಿದು, ಒಣಗಿಸಿ, ಮಡಿಕೆ ಮಡಿಕೆಯಾಗಿ ಮಡಿಸಿ, ಬಳಪದಿಂದ ಬರೆಯುತ್ತಿದ್ದ ಕಪ್ಪು ಪುಸ್ತಕವದು. ಅಲ್ಲಿ ಪಂಪನ ಕನ್ನಡವಿಲ್ಲ. ಅರಬ್ಬಿ, ಪಾರಸಿ, ಮರಾಠಿಗಳ ಮೂಲಕ ಬಂದ ಆಡಳಿತದ ಪದಗಳು ಸಾಲುಸಾಲಾಗಿ ಬರುತ್ತವೆ: ಖುಷ್ಕಿ, ತರಿ, ಬಾಗಾಯ್ತು, ಜಮಾಬಂದಿ, ಕಿಸ್ತು, ಶಿರಸ್ತೇದಾರ. ಹಳಗನ್ನಡದ ನಿಘಂಟುಗಳನ್ನು ಎಷ್ಟು ತಿರುವಿದರೂ ಇವುಗಳ ಒಳಗುಟ್ಟು ಸಿಗದು.

ಇದಕ್ಕೆ ನಾನು ನೆಚ್ಚಿರುವುದು ಎಚ್.ಎಚ್. ವಿಲ್ಸನ್ 1855ರಲ್ಲಿ ಪ್ರಕಟಿಸಿದ ನ್ಯಾಯ ಮತ್ತು ಕಂದಾಯ ಪದಗಳ ಕೋಶ. ಕನ್ನಡದ ಪದಗಳನ್ನೂ ಕನ್ನಡ ಲಿಪಿಯಲ್ಲೇ ಕೊಟ್ಟಿದೆ. ಜಿ. ವೆಂಕಟಸುಬ್ಬಯ್ಯನವರ 'ಎರವಲು ಪದಕೋಶ'ವನ್ನೂ ಪಕ್ಕದಲ್ಲಿ ಇಟ್ಟುಕೊಳ್ಳುತ್ತೇನೆ. 'ಇಗೋ ಕನ್ನಡ' ಅಂಕಣದ ಮೂಲಕ ಓದುಗರ ಪ್ರಶ್ನೆಗಳಿಗೆ ಉತ್ತರಿಸುತ್ತಾ ನಿಘಂಟನ್ನು ಮನೆಮನೆಯ ಮಾತಾಗಿಸಿದವರು ಅವರು. 2021ರಲ್ಲಿ ತಮ್ಮ 107ನೆಯ ವಯಸ್ಸಿನಲ್ಲಿ ತೀರಿಕೊಂಡರು.

ಇಬ್ಬನಿ

ಈ ಚರ್ಚೆಯಲ್ಲಿ ನಮ್ಮ ಹಳೆಯ ಪದ್ಯನಿಘಂಟುಗಳನ್ನು ಮರೆತರೆ ಅನ್ಯಾಯವಾಗುತ್ತದೆ. ಕನ್ನಡದಲ್ಲಿ ನಿಘಂಟು ರಚನೆ ಮಿಷನರಿಗಳಿಂದ ಆರಂಭವಾಯಿತು ಎಂದು ಹಲವರು ತಿಳಿದಿದ್ದಾರೆ. ಅದು ಹಾಗಲ್ಲ. ರನ್ನನ ಹೆಸರಿನಲ್ಲಿ 'ರನ್ನಕಂದ' ಎಂಬ ಪದಕೋಶದ ಕೆಲವು ಕಂದಪದ್ಯಗಳು ಉಳಿದು ಬಂದಿವೆ. ಎರಡನೆಯ ನಾಗವರ್ಮನ 'ಅಭಿಧಾನ ವಸ್ತುಕೋಶ' ಸಂಸ್ಕೃತ ಪದಗಳಿಗೆ ಕನ್ನಡದಲ್ಲಿ ಅರ್ಥ ಕೊಡುತ್ತದೆ. 1398ರ ಮಂಗರಾಜನ 'ಅಭಿನವಾಭಿಧಾನ'ವಿದೆ. ಹದಿನಾರನೆಯ ಶತಮಾನದಲ್ಲಿ ಲಿಂಗಮಂತ್ರಿಯ 'ಕಬ್ಬಿಗರ ಕೈಪಿಡಿ', ವಿರಕ್ತ ತೋಂಟದಾರ್ಯನ 'ಕರ್ಣಾಟಕ ಶಬ್ದಮಂಜರಿ' ಬಂದವು.

ಕಬ್ಬಿಗರ ಕೈಪಿಡಿ ಎಂಬ ಹೆಸರೇ ಹೇಳುವಂತೆ ಅದು ಕವಿಗಳಿಗಾಗಿ ಬರೆದದ್ದು. ಆ ಹೊತ್ತಿಗೆ ಹಳಗನ್ನಡ ಕವಿಗಳಿಗೇ ಕಷ್ಟವಾಗಿತ್ತು. ಐದು ಶತಮಾನಗಳ ಹಿಂದಿನ ಓದುಗನೂ ಸಂಜೆಓದು ಅವರ ಹಾಗೆಯೇ ಪದ ಸಿಗದೆ ಒದ್ದಾಡುತ್ತಿದ್ದ, ಅವನಿಗಾಗಿ ಒಬ್ಬ ಮಂತ್ರಿ ಕುಳಿತು ಷಟ್ಪದಿಯಲ್ಲಿ ಅರ್ಥ ಹೇಳಿದ ಎಂದು ನೆನೆದರೆ ನನಗೆ ತುಂಬಾ ಸಂತೋಷವಾಗುತ್ತದೆ.

ಇವುಗಳಲ್ಲಿ ಅಕಾರಾದಿ ಕ್ರಮವನ್ನು ನಿರೀಕ್ಷಿಸಬೇಡಿ. ಅಮರಕೋಶ ಸ್ವರ್ಗ, ಭೂಮಿ, ಸಾಮಾನ್ಯ ಎಂದು ಮೂರು ಕಾಂಡಗಳಲ್ಲಿ ವಿಷಯವಾರು ಸಾಗುವ ಹಾಗೆ, ಬಾಯಿಪಾಠ ಮಾಡಿ ನೆನಪಿಟ್ಟುಕೊಳ್ಳುವವರಿಗಾಗಿ ಕಟ್ಟಿದ ಕೋಶಗಳಿವು. ಪದ ಹುಡುಕುವುದಕ್ಕೆ ತಾಪತ್ರಯವೇ, ಆದರೆ ಒಂದೇ ವಸ್ತುವಿಗೆ ಆ ಕಾಲದಲ್ಲಿ ಎಷ್ಟು ಹೆಸರಿದ್ದವು ಎಂದು ತಿಳಿಯಲು ಇವುಗಳೇ ಬೇಕು.

ಮಾಮರ

ಇಬ್ಬನಿಯವರ ಮಾತಿಗೆ ಪೂರಕವಾಗಿ: ಕಿಟ್ಟೆಲ್ ಅವರಿಗಿಂತ ಮೊದಲೇ ವಿಲಿಯಂ ರೀವ್ ಅವರ ನಿಘಂಟುಗಳು 1824 ಮತ್ತು 1832ರಲ್ಲಿ ಬಂದಿದ್ದವು. ಕಿಟ್ಟೆಲ್ ಕೂಡ ಶಬ್ದಮಣಿದರ್ಪಣವನ್ನು 1872ರಲ್ಲಿ, ಛಂದೋಂಬುಧಿಯನ್ನು 1875ರಲ್ಲಿ ಸಂಪಾದಿಸಿ ಅಚ್ಚು ಹಾಕಿಸಿದ ಮೇಲೆ ನಿಘಂಟನ್ನು ಮುಗಿಸಿದವರು. ಹಳೆಯ ಕೋಶಕಾರರ ಭುಜದ ಮೇಲೆಯೇ ಅವರು ನಿಂತದ್ದು.

ಓಲೆ

ಬೇರೆಯ ಅಭಿಪ್ರಾಯವೊಂದನ್ನು ಹೇಳಲೇ? ಪ್ರತಿ ಪದಕ್ಕೂ ನಿಘಂಟು ತೆರೆದರೆ ಕಾವ್ಯ ಓದಿದ ಸುಖ ಎಲ್ಲಿ ಬಂತು? ಒಳ್ಳೆಯ ಗದ್ಯಾನುವಾದ ಎದುರಿಗಿಟ್ಟುಕೊಂಡು ಕಥೆಯ ಓಟ ಹಿಡಿದು, ರುಚಿಸಿದ ಪದ್ಯಗಳನ್ನು ಮಾತ್ರ ಮೂಲದಲ್ಲಿ ಓದಿದರೆ ಸಾಲದೇ? ನಾನು ಪಂಪಭಾರತವನ್ನು ಹಾಗೆಯೇ ಓದಿದ್ದು. ನನಗೆ ಕಡಿಮೆ ಸಿಕ್ಕಿತು ಎಂದು ಅನಿಸಿಲ್ಲ.

ತಾಳೆಗರಿ

ಓಲೆಯವರೇ, ಓದುವ ಸುಖದ ಬಗ್ಗೆ ನೀವು ಹೇಳಿದ್ದು ಸರಿ. ಪ್ರತಿ ಪದಕ್ಕೂ ನಿಲ್ಲುವವನು ಎರಡು ಪುಟ ದಾಟುವುದಿಲ್ಲ. ಆದರೆ ಗದ್ಯಾನುವಾದ ಒಂದು ಅರ್ಥವನ್ನು ಆರಿಸಿಕೊಂಡು ಉಳಿದವುಗಳನ್ನು ಬಿಟ್ಟುಬಿಟ್ಟಿರುತ್ತದೆ. ಬಿಟ್ಟದ್ದು ಏನೆಂದು ಅದು ತಿಳಿಸುವುದಿಲ್ಲ. ಪದಕ್ಕೆ ನಾಲ್ಕು ಅರ್ಥ ಕಂಡು, ಈ ಸನ್ನಿವೇಶಕ್ಕೆ ಯಾವುದು ಕೂಡುತ್ತದೆ ಎಂದು ತಾನೇ ನಿರ್ಧರಿಸುವ ಓದುಗನಿಗೆ ಸಿಗುವ ಸುಖವೇ ಬೇರೆ.

ನನ್ನ ಮಟ್ಟಿಗೆ ಇವೆರಡರ ನಡುವಿನ ದಾರಿ ಟಿಪ್ಪಣಿ ಮತ್ತು ಅರ್ಥಕೋಶಗಳದ್ದು. ಪಂಪಭಾರತಕ್ಕೆ ಡಿ.ಎಲ್. ನರಸಿಂಹಾಚಾರ್ಯರ 'ಪಂಪಭಾರತ ದೀಪಿಕೆ' ಇದೆ. ಪದ್ಯ ಪದ್ಯಕ್ಕೂ ಪದ ಬಿಡಿಸಿ, ಪಾಠಾಂತರ ತೂಗಿ, ಸಂದೇಹವಿದ್ದರೆ ಸಂದೇಹವಿದೆ ಎಂದೇ ಬರೆಯುತ್ತಾರೆ. ಆ ಪ್ರಾಮಾಣಿಕತೆಯಿಂದಲೇ ಓದುಗ ಕಲಿಯುತ್ತಾನೆ. ಸಂಪಾದಿತ ಕಾವ್ಯಗಳ ಕೊನೆಯಲ್ಲಿ ಕೊಟ್ಟಿರುವ ಅರ್ಥಕೋಶಗಳನ್ನು ನಾವು ಯಾರೂ ಸರಿಯಾಗಿ ಬಳಸಿಕೊಳ್ಳುವುದಿಲ್ಲ. ಸಾಮಾನ್ಯ ನಿಘಂಟು ಒಂದು ಪದಕ್ಕೆ ಆರು ಅರ್ಥ ಕೊಟ್ಟು ಸುಮ್ಮನಾಗುತ್ತದೆ. ಅರ್ಥಕೋಶ ಆ ಕೃತಿಯಲ್ಲಿ ಆ ಪದ್ಯದಲ್ಲಿ ಯಾವ ಅರ್ಥ ಎಂದು ಹೇಳುತ್ತದೆ, ಪದ್ಯದ ಸಂಖ್ಯೆಯನ್ನೂ ಕೊಡುತ್ತದೆ. ಹಳೆಯ ಪುಸ್ತಕ ಕೊಳ್ಳುವಾಗ ಕೊನೆಯ ಪುಟಗಳು ಇವೆಯೇ ಎಂದು ಮೊದಲು ನೋಡಿ.

ಹೊಸಬರಿಗೆ ಮಾತ್ರ ಪಂಪನಿಂದ ಆರಂಭಿಸಿ ಎಂದು ಹೇಳಲಾರೆ. ವಡ್ಡಾರಾಧನೆಯಿಂದ ಆರಂಭಿಸಿ. ಗದ್ಯ, ಹತ್ತೊಂಬತ್ತು ಕಥೆಗಳು, ಛಂದಸ್ಸಿಗಾಗಿ ಪದಗಳು ಹಿಂದುಮುಂದಾಗುವ ತೊಡಕಿಲ್ಲ. ಒಂದೇ ಬಗೆಯ ವಾಕ್ಯಗಳು ಮರಳಿ ಮರಳಿ ಬರುವುದರಿಂದ ಮೂರನೆಯ ಕಥೆಯ ಹೊತ್ತಿಗೆ ಕ್ರಿಯಾಪದಗಳು ಹಿಡಿತಕ್ಕೆ ಬಂದಿರುತ್ತವೆ.

ಓಲೆ

ದೀಪಿಕೆಯ ವಿಷಯ ತಿಳಿದಿತ್ತು, ಕೈಗೆತ್ತಿಕೊಂಡಿರಲಿಲ್ಲ. ಈ ಸಲ ಅನುವಾದವನ್ನು ಪಕ್ಕಕ್ಕಿಟ್ಟು ಅದರ ಜೊತೆಗೆ ಒಂದು ಆಶ್ವಾಸವನ್ನಾದರೂ ಓದುತ್ತೇನೆ.

ನೀಲಾಂಜನ

ಗದ್ಯ ಎಂದರೆ ಮುದ್ದಣನ ರಾಮಾಶ್ವಮೇಧವನ್ನೂ ಸೇರಿಸಬಹುದಲ್ಲವೇ? ಮುದ್ದಣ ಮನೋರಮೆಯರ ಸಂವಾದ ಎಂಥವರನ್ನೂ ಹಿಡಿದು ಕೂರಿಸುತ್ತದೆ.

ಇಬ್ಬನಿ

ಓದುವ ಆನಂದಕ್ಕೆ ಖಂಡಿತ ಸೇರಿಸಿ. ಆದರೆ ಅದು ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಬೇಕೆಂದೇ ಹಳಗನ್ನಡದಲ್ಲಿ ಕಟ್ಟಿದ ಕೃತಿ. ಹಳೆಯ ರೂಪಗಳ ನಡುವೆ ಹೊಸ ಮಾತುಗಳು ಬರುತ್ತವೆ. ಹತ್ತನೆಯ ಶತಮಾನದ ಭಾಷೆ ಕಲಿಯಲು ಅದನ್ನೇ ಮೊದಲು ಹಿಡಿದರೆ ಕಾಲದ ಅಂದಾಜು ತಪ್ಪುತ್ತದೆ.

ಬಳಪ

ಮೊಬೈಲಿನ ಪ್ರಶ್ನೆಗೆ ಯಾರೂ ಉತ್ತರಿಸಿಲ್ಲ. ವಿ. ಕೃಷ್ಣ ಅವರು ದಶಕಗಳ ಕಾಲ ಒಬ್ಬರೇ ಕುಳಿತು ಕಟ್ಟಿದ 'ಅಲರ್' ಕನ್ನಡ–ಇಂಗ್ಲಿಷ್ ನಿಘಂಟು 2019ರಿಂದ ಅಂತರ್ಜಾಲದಲ್ಲಿ ಮುಕ್ತವಾಗಿ ಸಿಗುತ್ತಿದೆ. ಒಂದೂವರೆ ಲಕ್ಷದಷ್ಟು ಪದಗಳಿವೆ, ದತ್ತಾಂಶವನ್ನೂ ಮುಕ್ತ ಪರವಾನಗಿಯಲ್ಲಿ ಕೊಟ್ಟಿದ್ದಾರೆ. ಹಳಗನ್ನಡದ ಪದಗಳೂ ಧಾರಾಳವಾಗಿ ಸಿಗುತ್ತವೆ. ಪ್ರಯೋಗಗಳು ಇರುವುದಿಲ್ಲ, ಹಾಗಾಗಿ ಮೊದಲ ನೋಟಕ್ಕೆ ಅದು, ತೀರ್ಮಾನಕ್ಕೆ ಪರಿಷತ್ತಿನ ನಿಘಂಟು. ವಚನಗಳಲ್ಲಿ ಒಂದು ಪದ ಎಲ್ಲೆಲ್ಲಿ ಬಂದಿದೆ ಎಂದು ನೋಡಲು 'ವಚನ ಸಂಚಯ' ಜಾಲತಾಣವಿದೆ. ಕಿಟ್ಟೆಲ್ ನಿಘಂಟಿನ ಮೊದಲ ಆವೃತ್ತಿಯ ಸ್ಕ್ಯಾನ್ ಪ್ರತಿ ಇಂಟರ್‌ನೆಟ್ ಆರ್ಕೈವ್‌ನಲ್ಲಿ ಉಚಿತವಾಗಿಯೇ ಇದೆ, ಅದನ್ನು ಇಳಿಸಿಕೊಂಡು ಒಗ್ಗುತ್ತದೆಯೇ ಎಂದು ನೋಡಿ ಆಮೇಲೆ ಹಣ ಹಾಕಿ.

ಸಂಜೆಓದು

ಎಲ್ಲರಿಗೂ ಹೃತ್ಪೂರ್ವಕ ವಂದನೆಗಳು. ಸದ್ಯಕ್ಕೆ ನಿಘಂಟು ಕೊಳ್ಳುವುದನ್ನು ಮುಂದಕ್ಕೆ ಹಾಕಿ ಶಬ್ದಮಣಿದರ್ಪಣ ತಂದಿದ್ದೇನೆ. ಸಂಧಿ ಪ್ರಕರಣ ನಡೆಯುತ್ತಿದೆ. ಕಲಿತದ್ದನ್ನು ಒರೆಗೆ ಹಚ್ಚಲು ಅದೇ ಆಶ್ವಾಸದ 'ತೆಂಕಣ ಗಾಳಿ ಸೋಂಕಿದೊಡಂ' ಪದ್ಯ ಹಿಡಿದೆ. 'ಒಳ್ನುಡಿಗೇಳ್ದೊಡಂ' ಬಿಡಿಸಲು ಬಂತು: ಒಳ್, ನುಡಿ, ಕೇಳ್ದೊಡಂ. 'ಮಲ್ಲಿಗೆಗಂಡೊಡಂ' ಎಂಬುದೂ ಹಾಗೆಯೇ, ಮಲ್ಲಿಗೆ ಮತ್ತು ಕಂಡೊಡಂ. ಆದರೆ 'ಗೇಯಂ ಕಿವಿವೊಕ್ಕೊಡಂ' ಎಂಬಲ್ಲಿ ಸಿಕ್ಕಿಕೊಂಡೆ. 'ವೊಕ್ಕು' ಎಲ್ಲೂ ಇಲ್ಲ. 'ಬೊಕ್ಕು' ನೋಡಿದೆ, ಅದೂ ಹೊಂದುವುದಿಲ್ಲ.

ಕಲ್ಬರಹ

ಮೂೞಿವಳ್ಳಿಯನ್ನು ನೆನಪಿಸಿಕೊಳ್ಳಿ. ಪಕಾರ ಬಕಾರವಾಗುವಂತೆ ವಕಾರವೂ ಆಗುತ್ತದೆ.

ತಾಳೆಗರಿ

ಕಲ್ಬರಹ ಅವರು ಸುಳಿವು ಕೊಟ್ಟಿದ್ದಾರೆ, ಮುಂದಿನದು ಇಷ್ಟೇ. ಕಿವಿ ಮತ್ತು ಪೊಕ್ಕೊಡಂ. ಪೊಕ್ಕು ಎಂಬುದು ಪುಗು ಧಾತುವಿನ ಭೂತಕಾಲದ ರೂಪ. ಹಾಡು ಕಿವಿಯನ್ನು ಹೊಕ್ಕರೆ ಎಂದು ಅರ್ಥ. ನಿಘಂಟಿನಲ್ಲಿ 'ಪುಗು' ಮತ್ತು 'ಹೊಗು' ಎರಡರ ಕೆಳಗೂ ನೋಡಿ. ಇನ್ನು ಅದೇ ಪದ್ಯದ 'ಕೆಂದಲಂಪಂ' ಎಂಬಲ್ಲಿ ಅವಸರ ಮಾಡಬೇಡಿ. ಅದನ್ನು ಹೇಗೆ ಬಿಡಿಸುವಿರಿ ಎಂದು ಮೊದಲು ನೀವು ಬರೆಯಿರಿ, ಆಮೇಲೆ ದೀಪಿಕೆ ತೆಗೆದು ಎಲ್ಲರೂ ಸೇರಿ ನೋಡೋಣ.